ಒಂದೇ ಕೊರಳು, ಎರಡು ತೀರ್ಪು

1960ರಲ್ಲಿ ವ್ಯಾಲೇಸ್ ಲ್ಯಾಂಬರ್ಟ್ ಮತ್ತು ಸಂಗಡಿಗರು ಪ್ರಕಟಿಸಿದ ಮಾಂಟ್ರಿಯಲ್ ಪ್ರಯೋಗದಲ್ಲಿ ದ್ವಿಭಾಷಿಕರು ಒಂದೇ ಪಠ್ಯವನ್ನು ಇಂಗ್ಲಿಷ್‌ನಲ್ಲಿಯೂ ಫ್ರೆಂಚ್‌ನಲ್ಲಿಯೂ ಓದಿದ್ದರು. ಅವು ಬೇರೆ ಬೇರೆ ವ್ಯಕ್ತಿಗಳ ದನಿಗಳೆಂದು ನಂಬಿದ ಕೇಳುಗರು ಓದಿದವರ ಬುದ್ಧಿ, ರೂಪ, ವಿಶ್ವಾಸಾರ್ಹತೆಗಳನ್ನು ಅಳೆದರು. ಫ್ರೆಂಚ್ ಮನೆಮಾತಿನವರೂ ಹಲವು ಗುಣಗಳಲ್ಲಿ ಇಂಗ್ಲಿಷ್ ದನಿಗೇ ಹೆಚ್ಚು ಅಂಕ ಕೊಟ್ಟರು.

ವಿಧಾನ ಚತುರವಾದುದೇ, ಆದರೆ ಅದು ಕೇಳುಗನನ್ನು ದನಿಯ ಹೊರಗೆ ನಿಲ್ಲಿಸುತ್ತದೆ. ಅಕ್ಕಲಕೋಟದ ಮನೆಯಲ್ಲಿ ಕನ್ನಡ, ಸೊಲ್ಲಾಪುರದ ಪೇಟೆಯಲ್ಲಿ ಮರಾಠಿ ಆಡುವವರಿಗೆ ಎರಡೂ ದನಿಗಳು ತಮ್ಮವೇ. ಅಂಥವರು ಕನ್ನಡಕ್ಕೆ ಕಡಿಮೆ ಅಂಕ ಕೊಟ್ಟರೆ ಅದು ಮನೆಯವರ ಕೊರಳಿಗೇ ಕೊಟ್ಟ ಅಂಕ. ಗುಟ್ಟು ತಿಳಿದಾಗಿನ ಅವರ ಕಸಿವಿಸಿ ಅಂಕಪಟ್ಟಿಯಲ್ಲಿ ಸೇರುವುದಿಲ್ಲ. ಆ ಕಸಿವಿಸಿಗೆ ಕಿವಿಗೊಡುವ ಮಾತುಕತೆಯೂ ಸಂಶೋಧನೆಯ ಅಂಗವಾಗಬೇಕು. ಇಲ್ಲವಾದರೆ ಕೀಳರಿಮೆಯನ್ನು ಅಳೆಯಹೊರಟವರೇ ಅದನ್ನು ಗಟ್ಟಿಗೊಳಿಸಿದಂತಾದೀತು.