ದಾನವಲ್ಲದ ಕ್ಷಮಾದಾನ

ಮೇ ದಿನ ಬಂದಾಗಲೆಲ್ಲ ನಮ್ಮ ಕ್ಯಾಂಪಸ್ಸುಗಳ ಗೋಡೆಗಳ ಮೇಲೆ ಶಿಕಾಗೋ ಊರಿನ ಹೆಸರು ಕಾಣಿಸಿಕೊಳ್ಳುತ್ತದೆ. ದಿನಕ್ಕೆ ಎಂಟೇ ಗಂಟೆ ದುಡಿಮೆ ಎಂದು ಕೇಳಿದ ಕಾರ್ಮಿಕರು, ಹೇಮಾರ್ಕೆಟ್ ಚೌಕ, ಬಾಂಬು, ಗಲ್ಲು: ಕಥೆಯ ಇಷ್ಟು ಭಾಗ ನಮಗೆ ಗೊತ್ತು. ಗಲ್ಲಿನಿಂದ ಉಳಿದು ಸೆರೆಮನೆಯಲ್ಲಿ ಕೊಳೆಯುತ್ತಿದ್ದ ಮೂವರನ್ನು ಏಳು ವರ್ಷಗಳ ನಂತರ ಬಿಡುಗಡೆ ಮಾಡಿದ ಜಾನ್ ಪೀಟರ್ ಆಲ್ಟ್‌ಗೆಲ್ಡ್ ಎಂಬ ಮನುಷ್ಯ ಮಾತ್ರ ಆ ಗೋಡೆಗಳ ಮೇಲೆ ಕಾಣುವುದಿಲ್ಲ. ಅವನು 1893ರಿಂದ 1897ರವರೆಗೆ ಇಲಿನಾಯ್ ರಾಜ್ಯದ ಗವರ್ನರ್ ಆಗಿದ್ದ. ಅಲ್ಲಿನ ಗವರ್ನರ್ ಎಂದರೆ ನಮ್ಮ ರಾಜ್ಯಪಾಲರ ಹಾಗಲ್ಲ. ಜನರಿಂದ ಆಯ್ಕೆಯಾಗಿ, ರಾಜ್ಯವನ್ನು ಆಳಿ, ಮತ್ತೆ ಜನರೆದುರು ವೋಟಿಗೆ ನಿಲ್ಲಬೇಕಾದವನು.

ನನಗೆ ಆಲ್ಟ್‌ಗೆಲ್ಡ್ ಒಬ್ಬ ರಾಜಕಾರಣಿ ಎಂಬುದಕ್ಕಿಂತ ಒಬ್ಬ ಬರಹಗಾರ ಎಂಬ ಕಾರಣಕ್ಕೆ ಮುಖ್ಯ. ಅವನ ಇಡೀ ಸಾರ್ವಜನಿಕ ಬದುಕು ಒಂದು ಬರಹದ ಸುತ್ತ ತಿರುಗಿ, ಅದರಿಂದಲೇ ಕುಸಿಯಿತು. ಅದು 1893ರ ಜೂನ್ 26ರಂದು ಅವನು ಹೊರಡಿಸಿದ ಕ್ಷಮಾದಾನದ ಸಂದೇಶ. ಒಂದು ಸಹಿ ಸಾಕಾಗಿದ್ದ ಕಡೆ ಅವನು ಸಣ್ಣ ಪುಸ್ತಕದಷ್ಟು ಉದ್ದದ ಗದ್ಯವನ್ನು ಬರೆದ. ಯಾಕೆ ಬರೆದ, ಏನನ್ನು ಬರೆದ, ಏನನ್ನು ಬರೆಯದೆ ಬಿಟ್ಟ ಎಂಬುದು ಈ ಲೇಖನದ ಪ್ರಶ್ನೆ.

ಮೊದಲು ಹಿನ್ನೆಲೆ. ಆಲ್ಟ್‌ಗೆಲ್ಡ್ 1847ರಲ್ಲಿ ಜರ್ಮನಿಯಲ್ಲಿ ಹುಟ್ಟಿದವನು. ಕೈಗೂಸಾಗಿದ್ದಾಗಲೇ ತಂದೆತಾಯಿ ಅವನನ್ನು ಅಮೆರಿಕದ ಒಹಾಯೋಗೆ ಕರೆತಂದರು. ಬಡ ರೈತ ಕುಟುಂಬ. ಹದಿನಾರರ ಪ್ರಾಯದಲ್ಲಿ ಅಂತರ್ಯುದ್ಧದ ಸೈನ್ಯ ಸೇರಿದ; ಮುಂದೆ ಶಾಲೆಯಲ್ಲಿ ಪಾಠ ಹೇಳಿದ, ರೈಲುಹಾದಿಯ ಕೆಲಸದಲ್ಲಿ ಕೂಲಿಯಾದ, ಮಿಸೌರಿಯಲ್ಲಿ ವಕೀಲನಾದ. 1875ರಲ್ಲಿ ಶಿಕಾಗೋಗೆ ಬಂದು ಜಮೀನು, ಕಟ್ಟಡಗಳ ವ್ಯವಹಾರದಲ್ಲಿ ಶ್ರೀಮಂತನಾದ. 1884ರಲ್ಲಿ ದಂಡನೆಯ ವ್ಯವಸ್ಥೆಯ ಬಗ್ಗೆ ಒಂದು ಪುಸ್ತಕ ಬರೆದ. ಜೈಲುಗಳು ತುಂಬುವುದು ಬಡವರಿಂದ, ಒಮ್ಮೆ ಒಳಹೊಕ್ಕವನನ್ನು ಆ ಯಂತ್ರ ಮತ್ತೆ ಮತ್ತೆ ಒಳಗೆಳೆಯುತ್ತದೆ ಎಂಬುದು ಅದರ ವಾದ. 1886ರಲ್ಲಿ ನ್ಯಾಯಾಧೀಶನಾಗಿ ಆಯ್ಕೆಯಾದ. 1892ರ ಚುನಾವಣೆಯಲ್ಲಿ ಗೆದ್ದು, ಇಲಿನಾಯ್‌ನ ಗವರ್ನರ್ ಆದವರಲ್ಲಿ ಪರದೇಶದಲ್ಲಿ ಹುಟ್ಟಿದ ಮೊದಲಿಗನಾದ.

ಅವನ ಮೇಜಿನ ಮೇಲೆ ಕಾದಿದ್ದ ಕಡತ ಹೇಮಾರ್ಕೆಟ್‌ದು. 1886ರ ಮೇ 4ರ ರಾತ್ರಿ ಕಾರ್ಮಿಕರ ಸಭೆ ಮುಗಿಯುತ್ತ ಬಂದಾಗ ಪೊಲೀಸರು ನುಗ್ಗಿದರು. ಯಾರೋ ಬಾಂಬ್ ಎಸೆದರು, ಪೊಲೀಸರು ಗುಂಡು ಹಾರಿಸಿದರು. ಪೊಲೀಸರೂ ಸತ್ತರು, ಜನರೂ ಸತ್ತರು. ಎಸೆದವನು ಯಾರೆಂದು ಇಂದಿಗೂ ಸಾಬೀತಾಗಿಲ್ಲ. ಎಂಟು ಜನ ಅರಾಜಕತಾವಾದಿಗಳ ಮೇಲೆ ಕೊಲೆಯ ಮೊಕದ್ದಮೆ ನಡೆಯಿತು. ಏಳು ಮಂದಿಗೆ ಗಲ್ಲು, ಆಸ್ಕರ್ ನೀಬೆಗೆ ಹದಿನೈದು ವರ್ಷ ಸೆರೆ. ಸ್ಯಾಮ್ಯುಯೆಲ್ ಫೀಲ್ಡನ್ ಮತ್ತು ಮೈಕೆಲ್ ಶ್ವಾಬ್ ಇಬ್ಬರ ಗಲ್ಲನ್ನು ಅಂದಿನ ಗವರ್ನರ್ ಜೀವಾವಧಿಗೆ ಇಳಿಸಿದ. ಒಬ್ಬ ಸೆರೆಮನೆಯಲ್ಲೇ ಪ್ರಾಣ ಕಳೆದುಕೊಂಡ. 1887ರ ನವೆಂಬರ್ 11ರಂದು ಉಳಿದ ನಾಲ್ವರನ್ನು ಗಲ್ಲಿಗೇರಿಸಲಾಯಿತು.

ಆಲ್ಟ್‌ಗೆಲ್ಡ್ ಅಧಿಕಾರಕ್ಕೆ ಬರುವ ಹೊತ್ತಿಗೆ ಊರಿನ ರೋಷ ಇಳಿದಿತ್ತು. ವ್ಯಾಪಾರಿಗಳು, ಬ್ಯಾಂಕಿನವರು, ವಕೀಲರು, ನ್ಯಾಯಾಧೀಶರು ಸೇರಿದಂತೆ ಸಾವಿರಾರು ಜನ ಬಿಡುಗಡೆ ಕೋರಿ ಸಹಿ ಹಾಕಿದ್ದರು. ಅವರಲ್ಲಿ ಹೆಚ್ಚಿನವರ ವಾದ ಸರಳ: ಇವರು ತಪ್ಪಿತಸ್ಥರೇ ಇರಲಿ, ಇಷ್ಟು ವರ್ಷ ಅನುಭವಿಸಿದ್ದು ಸಾಕು, ಬಿಟ್ಟುಬಿಡಿ. ಅಂದರೆ ಗವರ್ನರನಿಗೆ ರಾಜಮಾರ್ಗವೊಂದು ತೆರೆದಿತ್ತು. ಕರುಣೆಯ ನಾಲ್ಕು ಸಾಲು ಬರೆದು ಸಹಿ ಹಾಕಿದ್ದರೆ ಮೂವರೂ ಹೊರಬರುತ್ತಿದ್ದರು, ದೊಡ್ಡ ಮನುಷ್ಯರು ಅವನ ಔದಾರ್ಯವನ್ನು ಹೊಗಳುತ್ತಿದ್ದರು.

ಇಲ್ಲಿ ನಮ್ಮ ಭಾಷೆಯ ಪದವೊಂದನ್ನು ಗಮನಿಸಬೇಕು. ನಾವು ಇದನ್ನು ಕ್ಷಮಾದಾನ ಎನ್ನುತ್ತೇವೆ. ಕ್ಷಮೆ ಎಂದಾಗಲೇ ಎದುರಿನವನು ತಪ್ಪು ಮಾಡಿದ್ದಾನೆ ಎಂದಾಯಿತು. ದಾನ ಎಂದಾಗ ಕೊಡುವವನ ಕೈ ಮೇಲೆ, ಪಡೆಯುವವನ ಕೈ ಕೆಳಗೆ. ಸಹಿ ಹಾಕಿದ ಬಹುಪಾಲು ಜನ ಬೇಡಿದ್ದು ಇಂಥ ದಾನವನ್ನೇ. ಆಲ್ಟ್‌ಗೆಲ್ಡ್ ತನ್ನ ಸಂದೇಶದ ಮೊದಲಿಗೇ ಅದನ್ನು ಬದಿಗೆ ಸರಿಸುತ್ತಾನೆ. ಇವರು ನಿಜಕ್ಕೂ ಕೊಲೆಗಾರರಾಗಿದ್ದು, ವಿಚಾರಣೆ ನ್ಯಾಯವಾಗಿ ನಡೆದಿದ್ದರೆ, ತಾನು ಮಧ್ಯೆ ಪ್ರವೇಶಿಸುವುದಿಲ್ಲ, ಆಗ ಯಾವ ಶಿಕ್ಷೆಯೂ ಅತಿಯಲ್ಲ ಎನ್ನುತ್ತಾನೆ. ಕರುಣೆಯ ಬಾಗಿಲನ್ನು ತಾನೇ ಮುಚ್ಚಿ, ಅಗುಳಿ ಹಾಕಿ, ಆಮೇಲೆ ಬರೆಯಲು ಕೂರುತ್ತಾನೆ. ಇನ್ನು ಉಳಿದಿರುವುದು ಒಂದೇ ದಾರಿ: ವಿಚಾರಣೆಯೇ ನ್ಯಾಯವಾಗಿ ನಡೆದಿಲ್ಲ ಎಂದು ತೋರಿಸುವುದು.

ಸಂದೇಶದ ಗದ್ಯ ಈ ಹಟಕ್ಕೆ ತಕ್ಕ ಹಾಗಿದೆ. ಐದು ಪ್ರಶ್ನೆಗಳನ್ನು ಅಂಕಿ ಹಾಕಿ ಎತ್ತಿಕೊಳ್ಳುತ್ತಾನೆ. ಜ್ಯೂರಿಯನ್ನು ಚೀಟಿ ಎತ್ತಿ ಆರಿಸಿದರೋ, ಬೇಕಾದವರನ್ನು ಹೆಕ್ಕಿ ತಂದರೋ? ಆ ಜ್ಯೂರಿ ಕಾನೂನಿನ ಪ್ರಕಾರ ಯೋಗ್ಯವಾಗಿತ್ತೇ? ಆರೋಪ ರುಜುವಾತಾಗಿದೆಯೇ? ನೀಬೆಯ ಮೇಲೆ ಸರಕಾರಿ ವಕೀಲನಿಗೇ ನಂಬಿಕೆ ಇತ್ತೇ? ನ್ಯಾಯಾಧೀಶ ನಿಷ್ಪಕ್ಷಪಾತಿಯಾಗಿದ್ದನೇ? ಪ್ರತಿಯೊಂದಕ್ಕೂ ಉತ್ತರ ಕೊಡುವುದು ಅವನಲ್ಲ, ನ್ಯಾಯಾಲಯದ ದಾಖಲೆ. ಆ ಮೊಕದ್ದಮೆಗೆ ಹನ್ನೆರಡು ಜನರನ್ನು ಆರಿಸಲು 981 ಮಂದಿಯನ್ನು ಪ್ರಶ್ನಿಸಲಾಗಿತ್ತು. ಆರೋಪಿಗಳ ಬಗ್ಗೆ ತಮಗೆ ಪೂರ್ವಗ್ರಹವಿದೆ ಎಂದು ಬಾಯಿಬಿಟ್ಟು ಹೇಳಿದವರನ್ನೂ ನ್ಯಾಯಾಧೀಶ ಪ್ರಶ್ನೆ ಮೇಲೆ ಪ್ರಶ್ನೆ ಹಾಕಿ ಯೋಗ್ಯರೆಂದು ಸಾರಿದ. ಸತ್ತ ಪೊಲೀಸರಲ್ಲಿ ಒಬ್ಬ ತನ್ನ ಸಂಬಂಧಿ ಎಂದವನೂ ಯೋಗ್ಯನೇ ಆದ. ಆಲ್ಟ್‌ಗೆಲ್ಡ್ ಈ ಪ್ರಶ್ನೋತ್ತರಗಳನ್ನು ಪುಟಗಟ್ಟಲೆ ಎತ್ತಿ ಬರೆಯುತ್ತಾನೆ. ಓದಲು ಬೇಸರ ತರುವ ಪುಟಗಳು ಎಂದು ನನಗೆ ಮೊದಲ ಓದಿನಲ್ಲಿ ಅನಿಸಿತ್ತು. ಎರಡನೆಯ ಓದಿನಲ್ಲಿ ಆ ಬೇಸರದಲ್ಲೇ ಬರಹದ ಶಕ್ತಿ ಇದೆ ಎನಿಸಿತು. ಒಂದೇ ಮಾತು ಬೇರೆ ಬೇರೆ ಬಾಯಲ್ಲಿ ಮತ್ತೆ ಮತ್ತೆ ಬಂದಾಗ ಅದು ಆಕಸ್ಮಿಕವಲ್ಲ, ಪದ್ಧತಿ ಎಂದು ಓದುಗನಿಗೇ ಹೊಳೆಯುತ್ತದೆ. ಬರೆದವನು ಕೂಗಿ ಹೇಳಬೇಕಾಗಿಲ್ಲ.

ಸಾಹಿತ್ಯದ ವಿದ್ಯಾರ್ಥಿಗಳು ನಿಧಾನವಾಗಿ ಓದಬೇಕಾದ್ದು ಮೂರನೆಯ ಪ್ರಶ್ನೆಯನ್ನು. ಈ ಎಂಟು ಜನರಲ್ಲಿ ಯಾರೂ ಬಾಂಬ್ ಎಸೆದದ್ದನ್ನು ಸರಕಾರ ತೋರಿಸಲಿಲ್ಲ. ನ್ಯಾಯಾಧೀಶ ಜೋಸೆಫ್ ಗ್ಯಾರಿ ಕೊಟ್ಟ ಸಮರ್ಥನೆ ಬೇರೆ: ಇವರು ಭಾಷಣದಿಂದ, ಅಚ್ಚಾದ ಬರಹದಿಂದ ಜನರನ್ನು ಹಿಂಸೆಗೆ ಪ್ರಚೋದಿಸುತ್ತಿದ್ದರು, ಆ ಪ್ರಚೋದನೆಗೆ ಒಳಗಾದ ಯಾವನೋ ಒಬ್ಬ ಬಾಂಬ್ ಎಸೆದ, ಆದ್ದರಿಂದ ಇವರು ಕೊಲೆಗಾರರು. ಆಗಸ್ಟ್ ಸ್ಪೀಸ್, ಆಲ್ಬರ್ಟ್ ಪಾರ್ಸನ್ಸ್ ಇಬ್ಬರೂ ಪತ್ರಿಕೆಗಳ ಸಂಪಾದಕರು. ಶ್ವಾಬ್ ಕೂಡ ಪತ್ರಿಕೆಯ ಕೆಲಸದವನು. ಅವರ ಬರಹಗಳಲ್ಲಿ ಉಗ್ರವಾದ ಮಾತುಗಳು ಇದ್ದದ್ದೂ ನಿಜ. ಆದರೆ ಎಸೆದವನು ಯಾರೆಂದೇ ಗೊತ್ತಿಲ್ಲದಿರುವಾಗ ಅವನು ಇವರ ಒಂದು ಸಾಲನ್ನಾದರೂ ಓದಿದ್ದ, ಒಂದು ಮಾತನ್ನಾದರೂ ಕೇಳಿದ್ದ ಎಂದು ಹೇಳುವುದು ಹೇಗೆ? ಆಲ್ಟ್‌ಗೆಲ್ಡ್‌ನ ಪ್ರಶ್ನೆ ಇಷ್ಟೇ. ಕಾರ್ಮಿಕರ ಮೇಲೆ ಪೊಲೀಸರು ವರ್ಷಗಳಿಂದ ಬೀಸಿದ ಲಾಠಿಗೆ ಯಾರೋ ತೀರಿಸಿಕೊಂಡ ಸೇಡೂ ಅದಾಗಿರಬಹುದಲ್ಲ ಎಂದು ಅವನು ಸೇರಿಸುತ್ತಾನೆ.

ಒಂದು ಬರಹ ಓದುಗನಿಂದ ಏನನ್ನು ಮಾಡಿಸುತ್ತದೆ ಎಂಬುದು ವಿಮರ್ಶೆಯ ಹಳೆಯ ಚರ್ಚೆ. ಗ್ಯಾರಿಯ ನ್ಯಾಯಾಲಯ ಆ ಚರ್ಚೆಯನ್ನು ನೇಣುಗಂಬದ ಹತ್ತಿರ ತಂದು ನಿಲ್ಲಿಸಿ, ಹೆಸರಿಲ್ಲದ, ಮುಖವಿಲ್ಲದ ಒಬ್ಬ ಓದುಗನನ್ನು ಊಹಿಸಿಕೊಂಡು, ಅವನು ಮಾಡಿದ್ದಕ್ಕೆ ಬರೆದವರನ್ನು ಹೊಣೆ ಮಾಡಿತು. ಬರಹಕ್ಕೂ ಕೃತ್ಯಕ್ಕೂ ನಡುವೆ ಒಬ್ಬ ನಿಜವಾದ ಓದುಗನನ್ನು ತೋರಿಸಿ ಎಂದು ಕೇಳಿದ್ದು ಆಲ್ಟ್‌ಗೆಲ್ಡ್. ಸಾಹಿತ್ಯದ ಮೇಜಿನ ಬಳಿ ಕೂತು ನಾವು ಬರಹದ ಪರಿಣಾಮದ ಬಗ್ಗೆ ಸಲೀಸಾಗಿ ಆಡುವ ಮಾತುಗಳಿಗೆ ಈ ಪ್ರಶ್ನೆ ಒಂದು ಎಚ್ಚರಿಕೆ.

ಇಷ್ಟು ಹೇಳಿದ ಮೇಲೆ ಬರಹದ ಒಂದು ಬಿರುಕನ್ನೂ ಹೇಳಬೇಕು. ಐದನೆಯ ಪ್ರಶ್ನೆ ನ್ಯಾಯಾಧೀಶನದು. ಅಲ್ಲಿಯವರೆಗೆ ದಾಖಲೆಯ ಹಿಂದೆ ನಿಂತಿದ್ದವನು ಇಲ್ಲಿ ತಂತ್ರ ಬದಲಿಸುತ್ತಾನೆ. ಗ್ಯಾರಿ ಅತಿ ಕ್ರೂರವಾಗಿ ವಿಚಾರಣೆ ನಡೆಸಿದ, ವರ್ಷಗಳ ನಂತರ ಪತ್ರಿಕೆಯೊಂದಕ್ಕೆ ಬರೆದ ಲೇಖನದಲ್ಲೂ ಅವನ ವಿಷ ಇಳಿದಿಲ್ಲ ಎಂಬ ಅತ್ಯಂತ ಕಟುವಾದ ಆರೋಪಗಳನ್ನು ಕೈದಿಗಳ ಪರವಾಗಿ ಮಾತಾಡುವವರ ಬಾಯಲ್ಲಿ ಇಡುತ್ತಾನೆ. ಇವು ದಾಖಲೆಯಿಂದ ಸಮರ್ಥನೆ ಪಡೆಯುವ ಹಾಗೆ ಕಾಣುತ್ತವೆ ಎನ್ನುತ್ತಾನೆ. ಆಮೇಲೆ, ಇವು ವ್ಯಕ್ತಿಗತ ಸಂಗತಿಗಳು, ಇದನ್ನು ಚರ್ಚಿಸುವ ಅಗತ್ಯ ತನಗಿಲ್ಲ ಎಂದು ಕೈ ತೊಳೆದುಕೊಂಡು ಬಿಡುಗಡೆಯ ಆಜ್ಞೆಗೆ ಹೋಗುತ್ತಾನೆ. ಹೇಳುವುದಿಲ್ಲ ಎನ್ನುತ್ತಲೇ ಎಲ್ಲವನ್ನೂ ಹೇಳಿಬಿಡುವ ವಕೀಲನ ಜಾಣತನ ಇದು. ಉಳಿದ ನಾಲ್ಕು ಭಾಗಗಳ ನೇರ ನಡಿಗೆಯ ಮುಂದೆ ಈ ಭಾಗ ಓರೆಯಾಗಿ ಹೆಜ್ಜೆ ಹಾಕುತ್ತದೆ. ಗವರ್ನರನಿಗೆ ವೈಯಕ್ತಿಕ ದ್ವೇಷ ಇತ್ತು ಎನ್ನುವವರಿಗೆ ಅವನು ತಾನಾಗಿಯೇ ಅಸ್ತ್ರ ಕೊಟ್ಟ ಜಾಗ ಇದೇ ಎಂದು ನನ್ನ ಅಂದಾಜು.

ಆದರೆ ಅವನ ವಿರೋಧಿಗಳನ್ನು ನಿಜವಾಗಿ ಇರಿದದ್ದು ಬಹುಶಃ ಇನ್ನೊಂದು. ಸಂದೇಶ ಬಿಡುಗಡೆ ಮಾಡುವುದು ಮೂವರನ್ನು. ವಾದ ಮಾಡುವುದು ಎಂಟು ಜನರ ವಿಚಾರಣೆಯ ಬಗ್ಗೆ. ಜ್ಯೂರಿ ಹೆಕ್ಕಿ ತಂದದ್ದಾದರೆ ಅದು ಎಲ್ಲರಿಗೂ ಹೆಕ್ಕಿ ತಂದದ್ದೇ. ಕರುಣೆಗೆ ಈ ತೊಂದರೆ ಇರುತ್ತಿರಲಿಲ್ಲ, ಅದು ಬದುಕಿದ್ದವರಿಗೆ ಮಾತ್ರ ಸಲ್ಲುತ್ತಿತ್ತು. ನ್ಯಾಯದ ಭಾಷೆಯನ್ನು ಆರಿಸಿಕೊಂಡ ಕೂಡಲೇ ಸತ್ತವರೂ ಅದರೊಳಗೆ ಬಂದು ನಿಂತರು. ನಾಲ್ವರನ್ನು ಅನ್ಯಾಯವಾಗಿ ಗಲ್ಲಿಗೇರಿಸಿದಿರಿ ಎಂಬ ವಾಕ್ಯ ಅಲ್ಲಿಲ್ಲ. ಅವರಿಗಾಗಿ ಒಂದು ನಿಟ್ಟುಸಿರೂ ಇಲ್ಲ. ಆ ವಾಕ್ಯವನ್ನು ಓದುಗ ತಾನೇ ಬರೆದುಕೊಳ್ಳುವ ಹಾಗೆ ಉಳಿದುದೆಲ್ಲವೂ ಇದೆ.

ಪತ್ರಿಕೆಗಳು ಅವನನ್ನು ಅರಾಜಕತಾವಾದಿ ಎಂದವು, ಪರದೇಶಿ ಎಂದವು. ಮರುವರ್ಷ, 1894ರ ಪುಲ್‌ಮನ್ ರೈಲು ಮುಷ್ಕರದಲ್ಲಿ ಅಧ್ಯಕ್ಷ ಗ್ರೋವರ್ ಕ್ಲೀವ್‌ಲ್ಯಾಂಡ್ ರಾಜ್ಯವನ್ನು ಕೇಳದೆ ಶಿಕಾಗೋಗೆ ಸೈನ್ಯ ಕಳಿಸಿದಾಗ ಆಲ್ಟ್‌ಗೆಲ್ಡ್ ತಂತಿಯ ಮೂಲಕ ಪ್ರತಿಭಟಿಸಿದ. ಇಲ್ಲಿಯೂ ಅದೇ ರೀತಿ: ಭಾವಾವೇಶವಿಲ್ಲ, ರಾಜ್ಯದ ಬಳಿ ಸಾಕಷ್ಟು ಪಡೆಯಿದೆ ಎಂಬ ವಿವರ, ಸಂವಿಧಾನದ ವಾದ. ಕ್ಲೀವ್‌ಲ್ಯಾಂಡ್ ಚುಟುಕಾಗಿ ಉತ್ತರಿಸಿದ. ಅಪಾಯದ ಹೊತ್ತಿನಲ್ಲಿ ಚರ್ಚೆ ಬೇಡ ಎಂಬುದು ಅದರ ಸಾರ. ಫ್ಲಾರೆನ್ಸ್ ಕೆಲ್ಲಿಯನ್ನು ರಾಜ್ಯದ ಮುಖ್ಯ ಕಾರ್ಖಾನೆ ತಪಾಸಕಿಯಾಗಿ ನೇಮಿಸಿದ್ದು, ಹದಿನಾಲ್ಕು ವರ್ಷದೊಳಗಿನ ಮಕ್ಕಳನ್ನು ಕಾರ್ಖಾನೆಗಳಿಂದ ದೂರವಿಡುವ ಕಾನೂನಿಗೆ ಸಹಿ ಹಾಕಿದ್ದು, ಯಾವುದೂ ಅವನ ನೆರವಿಗೆ ಬರಲಿಲ್ಲ. 1896ರಲ್ಲಿ ಸೋತ. ಆಸ್ತಿಯೂ ಕರಗಿತು. 1899ರಲ್ಲಿ ಶಿಕಾಗೋದ ಮೇಯರ್ ಸ್ಥಾನಕ್ಕೆ ನಿಂತು ಅಲ್ಲೂ ಸೋತ. 1902ರ ಮಾರ್ಚಿನಲ್ಲಿ ಜೋಲಿಯೆಟ್ ಊರಿನಲ್ಲಿ, ಬ್ರಿಟಿಷರ ವಿರುದ್ಧ ಹೋರಾಡುತ್ತಿದ್ದ ಬೋಯರ್ ಜನರ ಪರವಾಗಿ ಭಾಷಣ ಮಾಡಿ, ಕುಸಿದು, ತೀರಿಕೊಂಡ. ಅವನ ಗೆಳೆಯ, ಪ್ರಸಿದ್ಧ ವಕೀಲ ಕ್ಲಾರೆನ್ಸ್ ಡ್ಯಾರೋ ಅಂತ್ಯಕ್ರಿಯೆಯಲ್ಲಿ ಮಾತಾಡಿದ.

ಇಂಗ್ಲಿಷ್ ಸಾಹಿತ್ಯ ಓದಿದವರಿಗೆ ಆಲ್ಟ್‌ಗೆಲ್ಡ್ ಸಿಗುವುದು ವೇಚಲ್ ಲಿಂಡ್ಸೆಯ ಕವಿತೆಯಲ್ಲಿ. ಲಿಂಡ್ಸೆ ಹುಟ್ಟಿ ಬೆಳೆದದ್ದು ಸ್ಪ್ರಿಂಗ್‌ಫೀಲ್ಡಿನಲ್ಲಿ, ಗವರ್ನರನ ಬಂಗಲೆಯ ಪಕ್ಕದ ಮನೆಯಲ್ಲಿ. ಕ್ಷಮಾದಾನದ ವರ್ಷ ಅವನಿನ್ನೂ ಹುಡುಗ. 1913ರ ಸಂಕಲನದಲ್ಲಿರುವ ಅವನ ಕವಿತೆ ಆಲ್ಟ್‌ಗೆಲ್ಡ್‌ನನ್ನು ಮರೆತುಹೋದ ಹದ್ದಾಗಿ ಕಾಣುತ್ತದೆ. ಸುಂದರವಾದ ಶೋಕಗೀತೆ. ಆದರೆ ಹದ್ದು ಎತ್ತರದಲ್ಲಿ ಒಂಟಿಯಾಗಿ ಹಾರುವ ಹಕ್ಕಿ. ನಾನು ಸಂದೇಶದಲ್ಲಿ ಕಂಡ ಮನುಷ್ಯ ದೀಪದ ಬುಡದಲ್ಲಿ ಕೂತು ಸಾವಿರಾರು ಪುಟಗಳ ನ್ಯಾಯಾಲಯದ ಕಡತವನ್ನು ತಿರುವಿ ಹಾಕಿ, ಯಾವ ಸಾಕ್ಷಿ ಯಾವ ಪುಟದಲ್ಲಿ ಏನಂದ ಎಂದು ಗುರುತು ಹಾಕಿಕೊಂಡವನು. ಅವನ ಧೈರ್ಯ ಹಾರಾಟದ್ದಲ್ಲ, ಓದಿನದು. ಕವಿತೆ ಅವನನ್ನು ಉಳಿಸಿತು, ನಿಜ. ಉಳಿಸುವಾಗ ಅವನ ಗದ್ಯವನ್ನು ಕೈಬಿಟ್ಟಿತು. ಸರಕಾರಿ ಕಾಗದವನ್ನು ಸಾಹಿತ್ಯ ಎಂದು ಓದುವ ಅಭ್ಯಾಸ ನಮಗೂ ಕಡಿಮೆ.

ಶಿಕಾಗೋದ ಹೊರಗಿನ ವಾಲ್ಡ್‌ಹೈಮ್ ಸ್ಮಶಾನದಲ್ಲಿ ಹೇಮಾರ್ಕೆಟ್ ಹುತಾತ್ಮರ ಸ್ಮಾರಕವಿದೆ. ಅದು ಅನಾವರಣಗೊಂಡದ್ದು 1893ರ ಜೂನ್ 25ರಂದು, ಅಂದರೆ ಸಂದೇಶ ಹೊರಬೀಳುವ ಹಿಂದಿನ ದಿನ. ಮುಂದೆ ಆ ಸ್ಮಾರಕಕ್ಕೆ ಆಲ್ಟ್‌ಗೆಲ್ಡ್‌ನ ಮಾತುಗಳನ್ನು ಹೊತ್ತ ಕಂಚಿನ ಫಲಕವೂ ಸೇರಿತು. ಬದುಕಿದ್ದ ಮೂವರಿಗಾಗಿ ಬರೆದ ಮಾತು ಹೀಗೆ ಸತ್ತವರ ಬಳಿ ಹೋಗಿ ಸೇರಿದೆ. ದಾನವಾಗಿದ್ದರೆ ಅದು ಅಲ್ಲಿಗೆ ಹೋಗುತ್ತಿರಲಿಲ್ಲ; ಸತ್ತವರಿಗೆ ದಾನ ಕೊಡಲು ಬರುವುದಿಲ್ಲ, ನ್ಯಾಯವನ್ನು ಮಾತ್ರ ತಡವಾಗಿಯಾದರೂ ಹೇಳಬಹುದು.