ಜಕಣಾಚಾರಿಯ ಕಥೆಯೂ ದಾಸೋಜನ ಅಂಕಿತವೂ

ಗೂಢವಾದ ವಿದ್ಯೆಯೊಂದನ್ನು ಬಲ್ಲ ಕೆಲವರು ಜನರ ಕಣ್ಣಿಗೆ ಮರೆಯಾಗಿದ್ದುಕೊಂಡು, ಸಂಖ್ಯೆಗಳ ಬಲದಿಂದ ಲೋಕವನ್ನೇ ಮಾರ್ಪಡಿಸುವರೆಂಬ ಕಲ್ಪನೆಯು ಕಥೆಗಾರರಿಗೆ ಬಹುಕಾಲದಿಂದ ಪ್ರಿಯವಾದುದು. ಅರ್ಜೆಂಟೀನ ದೇಶದ ಬೋರ್ಹೆಸನು 1940ರಲ್ಲಿ ಪ್ರಕಟಿಸಿದ ಕಥೆಯೊಂದರಲ್ಲಿ ಬೀಜಗಣಿತ ಕ್ಷೇತ್ರಗಣಿತಗಳನ್ನು ಬಲ್ಲವರೂ ಸೇರಿದ ರಹಸ್ಯಮಂಡಲಿಯೊಂದು ಇಲ್ಲದ ಲೋಕವನ್ನು ಗ್ರಂಥದಲ್ಲಿ ಕಟ್ಟುತ್ತದೆ; ಇರುವ ಲೋಕವು ಮೆಲ್ಲಮೆಲ್ಲನೆ ಅದರಂತೆ ಆಗತೊಡಗುತ್ತದೆ. ಕನ್ನಡನಾಡಿನಲ್ಲಿ ಇದಕ್ಕೆ ಸಮೀಪವಾದುದು ಜಕಣಾಚಾರಿಯ ಕಥೆ. ಅಲ್ಲಿ ಗ್ರಂಥಕ್ಕೆ ಬದಲು ಕಲ್ಲು ಉಂಟು. ಮಂಡಲಿಗೆ ಬದಲು ಒಬ್ಬನೇ ಮಹಾಪುರುಷನುಂಟು. ಈ ಎರಡನೆಯ ವ್ಯತ್ಯಾಸವು ವಿಚಾರಮಾಡತಕ್ಕುದು.

ಕಥೆಯು ಎಲ್ಲರಿಗೂ ತಿಳಿದುದೇ. ಕೈದಾಳದ ಜಕಣಾಚಾರಿಯು ಮನೆಮಡದಿಯನ್ನು ಬಿಟ್ಟು, ಊರೂರು ತಿರುಗಿ ಗುಡಿಗಳನ್ನು ಕಟ್ಟುತ್ತ ಬೇಲೂರಿಗೆ ಬರುತ್ತಾನೆ. ತಂದೆಯನ್ನರಸಿ ಹೊರಟ ಮಗ ಡಂಕಣನೂ ಅಲ್ಲಿಗೆ ಬಂದು, ಪ್ರತಿಷ್ಠೆಗೆ ಸಿದ್ಧವಾದ ವಿಗ್ರಹದ ಕಲ್ಲಿನಲ್ಲಿ ದೋಷವಿದೆಯೆನ್ನುತ್ತಾನೆ. ದೋಷವಿದ್ದರೆ ಬಲಗೈಯನ್ನು ಕತ್ತರಿಸಿಕೊಳ್ಳುವೆನೆಂದು ತಂದೆಯ ಪಂತ. ವಿಗ್ರಹಕ್ಕೆಲ್ಲ ಗಂಧವನ್ನು ಲೇಪಿಸುತ್ತಾರೆ. ಎಲ್ಲೆಡೆಯೂ ಒಣಗಿದ ಗಂಧವು ಹೊಕ್ಕುಳ ಬಳಿ ಮಾತ್ರ ಹಸಿಯಾಗಿಯೇ ಉಳಿಯುತ್ತದೆ. ಅಲ್ಲಿ ಒಡೆದಾಗ ನೀರೂ ಮರಳೂ ಕಪ್ಪೆಯೂ ಹೊರಬೀಳುತ್ತವೆ. ತಂದೆಯು ಕೈಯನ್ನು ಕಳೆದುಕೊಂಡ ಮೇಲೆ ತಂದೆಮಕ್ಕಳ ಗುರುತಾಗುತ್ತದೆ.

ಕಥೆಯೆಂಬ ದೃಷ್ಟಿಯಿಂದ ಇದರ ಬಿಗಿ ಅಸಾಧಾರಣವಾದುದು. ಅದರಲ್ಲಿಯೂ ಗಂಧದ ಪ್ರಸಂಗವು ಬಹು ಅರ್ಥವತ್ತಾಗಿದೆ. ಕಲ್ಲಿನೊಳಗನ್ನು ಕಾಣುವ ದಿವ್ಯದೃಷ್ಟಿಯನ್ನು ಡಂಕಣನಿಗೆ ಕೊಟ್ಟುಬಿಡುವುದು ಕಥೆಗಾರನಿಗೆ ಸುಲಭವಾಗಿತ್ತು. ಅವನು ಹಾಗೆ ಮಾಡಲಿಲ್ಲ. ಒಳಗಿನ ತೇವವು ಹೊರಗಿನ ಲೇಪವನ್ನು ಒಣಗಗೊಡದೆಂಬ ಕಾರ್ಯಕಾರಣವನ್ನು ಹಿಡಿದು, ನೆರೆದ ಜನರ ಎದುರಿನಲ್ಲಿಯೇ ಸಾಧಿಸಿ ತೋರಿಸುವಂತೆ ಮಾಡಿದನು. ಹಿರಿಯ ಶಿಲ್ಪಿಯ ಕೀರ್ತಿಯೊಂದು ಕಡೆ, ಹೆಸರಿಲ್ಲದ ಹುಡುಗನ ಸಾಧನೆಯೊಂದು ಕಡೆ, ಗೆದ್ದುದು ಸಾಧನೆ. ಗಣಿತಜ್ಞನ ಧರ್ಮವೂ ಇದೇ. ಇವನು ಹೇಳಿದನೆಂಬ ಕಾರಣದಿಂದ ಯಾವುದೂ ಅಲ್ಲಿ ಸತ್ಯವಾಗದು. ಯಾರು ಮಾಡಿ ನೋಡಿದರೂ ಹಾಗೆಯೇ ಬರಬೇಕು.

ಆದರೆ ಇಷ್ಟು ಒಳ್ಳೆಯ ಕಥೆಯು ಒಂದು ದೊಡ್ಡ ಅನ್ಯಾಯಕ್ಕೂ ಕಾರಣವಾಗಿದೆ. ಬೇಲೂರಿನ ಚೆನ್ನಕೇಶವ ದೇವಾಲಯದ ಪ್ರತಿಷ್ಠೆಯಾದುದು 1117ರಲ್ಲಿ. ಅಲ್ಲಿನ ವಿಗ್ರಹಗಳ ಅಡಿಯಲ್ಲಿ ಕೆತ್ತಿದವರ ಹೆಸರುಗಳಿವೆ. ಅವುಗಳಲ್ಲಿ ಬಳ್ಳಿಗಾವೆಯ ದಾಸೋಜನದೂ ಅವನ ಮಗ ಚಾವಣನದೂ ಮುಖ್ಯವಾದುವು. ಮದನಿಕೆಯರಲ್ಲಿ ನಾಲ್ವರನ್ನು ತಂದೆಯೂ ಐವರನ್ನು ಮಗನೂ ಕಡೆದರೆಂದು ಗುರುತಿಸಲಾಗಿದೆ. ಮಲ್ಲಿಯಣ್ಣ, ನಾಗೋಜ, ಚಿಕ್ಕಹಂಪ ಮೊದಲಾದವರ ಹೆಸರುಗಳೂ ಅಲ್ಲಿವೆ. ಜಕಣಾಚಾರಿಯ ಹೆಸರಿನ ಶಾಸನ ಮಾತ್ರ ಅಲ್ಲಿಲ್ಲ. ಅದು 'ದಕ್ಷಿಣಾಚಾರ್ಯ' ಎಂಬ ಪದದ ರೂಪಾಂತರವಿರಬಹುದೆಂದು ಊಹಿಸಿದವರೂ ಉಂಟು. ತಂದೆಮಗ ಇಬ್ಬರೂ ನಿಜವಾಗಿ ಇದ್ದರು. ಒಂದೇ ಗುಡಿಯಲ್ಲಿ ಕೂಡಿ ದುಡಿದರು. ಹೆಸರನ್ನೂ ಊರನ್ನೂ ಕಲ್ಲಿನಲ್ಲಿಯೇ ಬರೆದರು. ಲೋಕವು ಅವರನ್ನು ಮರೆತು, ಕಥೆಯ ತಂದೆಮಕ್ಕಳನ್ನು ನೆನಪಿನಲ್ಲಿಟ್ಟುಕೊಂಡಿತು.

ಬಳ್ಳಿಗಾವೆಯು ಶಿಕಾರಿಪುರ ತಾಲ್ಲೂಕಿನ ಇಂದಿನ ಬಳ್ಳಿಗಾವಿ. ಬನವಾಸಿ ಪನ್ನಿರ್ಚ್ಛಾಸಿರಕ್ಕೆ ರಾಜಧಾನಿಯಾಗಿದ್ದ ಊರು. ಕೋಡಿಯಮಠದಂತಹ ವಿದ್ಯಾಸ್ಥಾನವನ್ನು ಪಡೆದಿದ್ದ ಊರು. ಇಲ್ಲಿನ ಶಿಲ್ಪಿಗಳ ಹೆಸರಿನ ತುದಿಗೆ ಬರುವ 'ಓಜ' ಎಂಬುದು 'ಉಪಾಧ್ಯಾಯ' ಶಬ್ದದ ತದ್ಭವ. ಉಳಿ ಹಿಡಿದವನನ್ನು ಜನರು ಕಲಿಸುವವನೆಂದು ಕರೆದರೆಂಬುದು ಗಮನಾರ್ಹ.

ಅವರು ಕಲಿಸುತ್ತಿದ್ದುದರಲ್ಲಿ ಬಹುಭಾಗ ಗಣಿತವೇ. ಶಿಲ್ಪಶಾಸ್ತ್ರದಲ್ಲಿ ಹನ್ನೆರಡು ಅಂಗುಲಕ್ಕೆ ಒಂದು ತಾಳ. ನವತಾಳದ ವಿಗ್ರಹಕ್ಕೆ 108 ಅಂಗುಲ. ಈ ಅಂಗುಲವು ಬೆರಳಿನ ಅಳತೆಯಲ್ಲ. ವಿಗ್ರಹದ ಎತ್ತರವನ್ನೇ ಭಾಗಿಸಿದಾಗ ದೊರೆಯುವ ಮಾನ. ಗೇಣುದ್ದದ ಮೂರ್ತಿಯಾಗಲಿ ಆಳೆತ್ತರದ ಮೂರ್ತಿಯಾಗಲಿ, ಅಂಗಗಳ ಪ್ರಮಾಣವು ಕೆಡುವುದಿಲ್ಲ. ಬೇರೆ ಬೇರೆ ಕೈಗಳು ಒಂದೇ ಗುಡಿಯಲ್ಲಿ ದುಡಿದರೂ ಕೆಲಸವು ಒಂದಾಗಿ ಕಾಣುವುದಕ್ಕೆ ಇಂತಹ ಮಾನವೇ ಆಧಾರ.

ಇನ್ನು ಆಯಾದಿ ಗಣನೆಯಿದೆ. ಲೆಕ್ಕದಿಂದ ಲೋಕದ ಗತಿಯು ಬದಲಾಗುವುದೆಂಬ ನಂಬಿಕೆಯು ಇಲ್ಲಿ ಸ್ಪಷ್ಟವಾಗಿ ಕಾಣುತ್ತದೆ. ಒಂದು ಕ್ರಮದಂತೆ ಕಟ್ಟಡದ ಸುತ್ತಳತೆಯನ್ನು ಮೂರರಿಂದ ಗುಣಿಸಿ ಎಂಟರಿಂದ ಭಾಗಿಸಿದರೆ ಉಳಿಯುವ ಶೇಷವು 'ಯೋನಿ'. ಬೆಸ ಶೇಷವು ಶುಭ, ಸಮ ಶೇಷವು ಅಶುಭ. ಸುತ್ತಳತೆ 26 ಮೊಳವಾದರೆ ಗುಣಲಬ್ಧ 78, ಶೇಷ 6. ಅದು ಖರ, ಎಂದರೆ ಕತ್ತೆ. ಒಂದು ಮೊಳ ಹೆಚ್ಚಿಸಿ 27 ಮಾಡಿದರೆ ಗುಣಲಬ್ಧ 81, ಶೇಷ 1, ಅದು ಧ್ವಜ. ಒಂದು ಮೊಳದಿಂದ ಮನೆತನದ ಭಾಗ್ಯವೇ ತಿರುಗುವುದೆಂದು ಜನರು ನಂಬಿದರು. ನಂಬಿಕೆಯು ಹೇಗಾದರೂ ಇರಲಿ, ಗೋಡೆಯಂತೂ ಆ ಲೆಕ್ಕದಂತೆಯೇ ಎದ್ದಿತು. ಸಂಖ್ಯೆಯು ವಾಸ್ತವವನ್ನು ಮಾರ್ಪಡಿಸಿತೆಂಬ ಮಾತು ಇಲ್ಲಿ ಅಲಂಕಾರವಲ್ಲ.

ಈ ವಿದ್ಯೆಯು ರಹಸ್ಯವಾಗಿರಲಿಲ್ಲವೇ ಎಂದು ಯಾರಾದರೂ ಆಕ್ಷೇಪಿಸಬಹುದು. ಅದು ತಂದೆಯಿಂದ ಮಗನಿಗೆ ಇಳಿದು ಬಂದುದೂ, ಅದರ ಗ್ರಂಥಗಳು ಸಂಸ್ಕೃತದಲ್ಲಿದ್ದುದೂ ನಿಜ. ಹೊರಗಿನವರಿಗೆ ಬಾಗಿಲು ಕಿರಿದಾಗಿಯೇ ಇತ್ತು. ಆದರೆ ಗ್ರೀಸಿನ ಪೈಥಾಗೊರಸನ ಅನುಯಾಯಿಗಳೊಡನೆ ಹೋಲಿಸಿದರೆ ಭೇದವು ತಿಳಿಯುತ್ತದೆ. ಅಲ್ಲಿ ಶಿಷ್ಯರು ಕಂಡುಹಿಡಿದುದೂ ಗುರುವಿನ ಹೆಸರಿಗೇ ಸಲ್ಲುತ್ತಿತ್ತೆಂದೂ, ಗಣಿತದ ಗುಟ್ಟನ್ನು ಹೊರಗೆಡಹಿದ ಹಿಪ್ಪಾಸಸನು ಸಮುದ್ರದಲ್ಲಿ ಮುಳುಗಿ ಸತ್ತನೆಂದೂ ಐತಿಹ್ಯ. ಬಳ್ಳಿಗಾವೆಯವರು ಕೆಲಸದ ಕೆಳಗೆ ತಮ್ಮ ಹೆಸರನ್ನು ಎಲ್ಲರೂ ಓದುವಂತೆ ಬರೆದರು. ಇದು ಈ ಸೀಮೆಗೆ ಹೊಸದೂ ಅಲ್ಲ. ಅದೇ ತಾಲ್ಲೂಕಿನ ತಾಳಗುಂದದಲ್ಲಿ, ಐದನೆಯ ಶತಮಾನದಲ್ಲಿ ಕುಬ್ಜನೆಂಬ ಕವಿಯು ಕದಂಬರ ಚರಿತ್ರೆಯನ್ನು ಹೇಳುವ ತನ್ನ ಕಾವ್ಯವನ್ನು ಕಂಬದ ಮೇಲೆ ತಾನೇ ಬರೆದು, ತನ್ನ ಹೆಸರನ್ನೂ ಅದರಲ್ಲಿ ಸೇರಿಸಿದನು.

ಹೀಗಿರುವಾಗ ರಹಸ್ಯವನ್ನು ಕಲ್ಪಿಸಿದವರು ಶಿಲ್ಪಿಗಳಲ್ಲ, ತರುವಾಯದ ಕಥೆಗಾರರು. ಬೆರಗು ಹೆಚ್ಚಿದಷ್ಟೂ ಲೆಕ್ಕವು ಮರೆಯಾಯಿತು. ಲೆಕ್ಕವು ಮರೆಯಾದಷ್ಟೂ ಹಲವರ ಶ್ರಮವು ಒಬ್ಬನ ಪವಾಡವಾಯಿತು. 1964ರಲ್ಲಿ ಬಿ. ಎಸ್. ರಂಗಾ ಅವರ 'ಅಮರಶಿಲ್ಪಿ ಜಕಣಾಚಾರಿ' ಚಲನಚಿತ್ರವು ಆ ಪವಾಡಕ್ಕೆ ಬಣ್ಣವನ್ನೂ ಕೊಟ್ಟಿತು. ಡಿ. ವಿ. ಗುಂಡಪ್ಪನವರ 'ಅಂತಃಪುರಗೀತೆ'ಯು ಬೇಲೂರಿನ ಶಿಲಾಬಾಲಿಕೆಯರಿಗೆ ಹಾಡಿನ ರೂಪವನ್ನು ಕೊಟ್ಟ ರಮ್ಯವಾದ ಕೃತಿ. ಅಲ್ಲಿ ಬಾಲಿಕೆಯರೂ ಸ್ವಾಮಿಯೂ ಎದುರಿಗಿರುತ್ತಾರೆ. ಕಡೆದವನು ಹಿಂದೆ ಉಳಿಯುತ್ತಾನೆ. ಕವಿಗೆ ಇದು ದೋಷವಲ್ಲ, ಅವನ ವಸ್ತು ಬೇರೆ. ಆದರೆ ಜಕಣಾಚಾರಿಗೆ ದೊರೆತ ಖ್ಯಾತಿಯಲ್ಲಿ ಹತ್ತರಲ್ಲೊಂದು ಪಾಲೂ ದಾಸೋಜನಿಗೆ ದೊರೆತಿಲ್ಲವೆಂಬುದು ಉಳಿದೇ ಇದೆ.

ಸಾಮಗ್ರಿಯ ಕೊರತೆಯೆಂದು ಹೇಳುವಂತಿಲ್ಲ. ರೈಸರು ಶಿಕಾರಿಪುರದ ಶಾಸನಗಳನ್ನು 1902ರಲ್ಲಿಯೂ ಸೊರಬದವನ್ನು 1904ರಲ್ಲಿಯೂ ಅಚ್ಚುಹಾಕಿಸಿದರು. ಸೊರಬ ತಾಲ್ಲೂಕಿನ ಕುಬಟೂರಿನಲ್ಲಿ ಕೈಟಭೇಶ್ವರನ ಗುಡಿಯ ನುಣುಪಾದ ದುಂಡುಕಂಬಗಳು ಯಾರು ಬೇಕಾದರೂ ಮುಟ್ಟಿ ನೋಡುವಂತೆ ನಿಂತಿವೆ. ಜಕಣಾಚಾರಿಯ ಕಥೆಯನ್ನು ತ್ಯಜಿಸಬೇಕೆಂದು ಇದರ ಅರ್ಥವಲ್ಲ. ಹಸಿಯಾಗಿ ಉಳಿದ ಆ ಗಂಧದ ಗುರುತೊಂದರಿಂದಲೇ ಅದು ಬಾಳತಕ್ಕ ಕಥೆ. ಆದರೆ ಮಕ್ಕಳಿಗೆ ಅದನ್ನು ಹೇಳುವ ಮನೆಗಳಲ್ಲಿ ಬಳ್ಳಿಗಾವೆಯಿಂದ ಬೇಲೂರಿಗೆ ಹೋದ ದಾಸೋಜನ ಹೆಸರನ್ನೂ ಅವನ ಮಗ ಚಾವಣನ ಹೆಸರನ್ನೂ ಜೊತೆಗೆ ಹೇಳುವುದು ನ್ಯಾಯ. ಅವರು ಅಷ್ಟನ್ನೇ ಬಯಸಿ ಕಲ್ಲಿನ ಮೇಲೆ ಬರೆದಿಟ್ಟರು.