ಗಾಜಿನ ಆಚೆಯ ಕಡಲು, ಅಂಗೈಯಗಲದ ಕೀಟಲೋಕ



ಪುಸ್ತಕವನ್ನೋ ನಾಟಕವನ್ನೋ ವಿಮರ್ಶೆಗೆ ಒಡ್ಡುವುದು ನಮಗೆ ರೂಢಿ. ಮತ್ಸ್ಯಾಲಯವನ್ನೂ ಹಾಗೆ ತೂಗಿ ನೋಡಬಹುದೆಂಬುದು ಸಾಮಾನ್ಯವಾಗಿ ಹೊಳೆಯುವುದಿಲ್ಲ. ರಜೆಯ ದಿನ ಮಕ್ಕಳನ್ನು ಕರೆದೊಯ್ದು, ಟಿಕೆಟು ಕೊಂಡು, ಒಂದು ಸುತ್ತು ಹಾಕಿ, ಐಸ್‌ಕ್ರೀಂ ತಿನ್ನಿಸಿ ಮರಳುವ ತಾಣವೆಂದೇ ಅದನ್ನು ಎಣಿಸುತ್ತೇವೆ. ಆದರೆ ಯಾವ ಜೀವಿ ಮೊದಲು ಕಣ್ಣಿಗೆ ಬೀಳಬೇಕು, ಬೆಳಕು ಎಲ್ಲಿಂದ ಬರಬೇಕು, ಯಾವುದು ತೆರೆಯ ಹಿಂದೆ ಉಳಿಯಬೇಕು ಎಂಬುದನ್ನೆಲ್ಲ ಅಲ್ಲಿಯೂ ಯಾರೋ ಯೋಚಿಸಿ ನಿರ್ಧರಿಸಿರುತ್ತಾರೆ. ಹಾಗೆ ರಚಿತವಾದ ಎಲ್ಲವೂ ವಿಮರ್ಶೆಗೆ ಅರ್ಹ. ಕುಟುಂಬವೊಂದು ಅಲ್ಲಿ ಕೇಳಿಕೊಳ್ಳಬೇಕಾದ ಪ್ರಶ್ನೆ ಸರಳವಾದದ್ದು: ಈ ಮನೆ ನಮ್ಮ ಮಕ್ಕಳಿಗೆ ನೋಡುವುದನ್ನು ಕಲಿಸುತ್ತದೆಯೇ, ಅಥವಾ ಬೆರಗಾಗುವುದನ್ನಷ್ಟೇ ಕಲಿಸುತ್ತದೆಯೇ?

ಈ ಪ್ರಶ್ನೆಯನ್ನು ಹಿಡಿದು ಪರೀಕ್ಷಿಸಲು ಅಮೆರಿಕದ ನ್ಯೂ ಆರ್ಲಿಯನ್ಸ್ ನಗರದ ಆಡುಬಾನ್ ಮತ್ಸ್ಯಾಲಯ ಮತ್ತು ಕೀಟಾಲಯವನ್ನು ಆರಿಸಿಕೊಂಡಿದ್ದೇನೆ. ನಿಮ್ಮಲ್ಲಿ ಹಲವರ ಮಕ್ಕಳು ಆ ದೇಶದಲ್ಲಿ ನೆಲೆಸಿದ್ದಾರೆ. ಮೊಮ್ಮಕ್ಕಳೊಡನೆ ಇಂಥ ಸ್ಥಳಗಳಿಗೆ ಹೋಗುವ ಸಂದರ್ಭ ಹಿರಿಯರಿಗೆ ಒದಗುತ್ತಲೇ ಇರುತ್ತದೆ. ಅದಕ್ಕಿಂತ ಮುಖ್ಯವಾಗಿ, ಕಡಲಿನ ಭಾರಿ ಜೀವಿಗಳೂ ಅಂಗೈಯಲ್ಲಿ ಅಡಗುವ ಕೀಟಗಳೂ ಇಲ್ಲಿ ಒಂದೇ ಸೂರಿನಡಿ ಇವೆ. ಒಂದೇ ದಿನದಲ್ಲಿ ಎರಡು ಬಗೆಯ ನೋಟಗಳನ್ನು ಹೋಲಿಸುವ ಅವಕಾಶ ಬೇರೆಡೆ ಸುಲಭವಾಗಿ ಸಿಗದು.

ಮಿಸಿಸಿಪ್ಪಿ ನದಿಯ ದಡದಲ್ಲಿ, ಕೆನಾಲ್ ಬೀದಿಯ ತುದಿಯಲ್ಲಿ ಈ ಮತ್ಸ್ಯಾಲಯ ತೆರೆದದ್ದು 1990ರಲ್ಲಿ. ಕೀಟಾಲಯ ಹುಟ್ಟಿದ್ದು ಬೇರೆ ಕಡೆ: 2008ರಲ್ಲಿ, ಅದೇ ಬೀದಿಯ ಹಳೆಯ ಸುಂಕದ ಕಟ್ಟಡದಲ್ಲಿ. 2020ರ ಸಾಂಕ್ರಾಮಿಕದ ಕಾಲದಲ್ಲಿ ಅದರ ಬಾಗಿಲು ಮುಚ್ಚಿತು. ಬಳಿಕ ಸುಮಾರು 4 ಕೋಟಿ 10 ಲಕ್ಷ ಡಾಲರ್ ವೆಚ್ಚದಲ್ಲಿ ಮತ್ಸ್ಯಾಲಯವನ್ನು ನವೀಕರಿಸಿ, ಕೀಟಗಳನ್ನೂ ಅಲ್ಲಿಗೇ ತಂದು, 2023ರ ಜೂನ್ ತಿಂಗಳಲ್ಲಿ ಎರಡನ್ನೂ ಒಟ್ಟಾಗಿ ತೆರೆಯಲಾಯಿತು.

ಮೊದಲು ಮೀನುಗಳ ಭಾಗವನ್ನು ನೋಡೋಣ. ಇಲ್ಲಿ ನೀರಿನೊಳಗೇ ನಡೆದು ಹೋಗುವಂತೆ ಕಟ್ಟಿದ ಗಾಜಿನ ಸುರಂಗವಿದೆ. ತಲೆಯ ಮೇಲೆಯೇ ಮೀನಿನ ಹಿಂಡು ಸಾಗಿಹೋಗುತ್ತದೆ. ಮೆಕ್ಸಿಕೋ ಕೊಲ್ಲಿಯನ್ನು ತೋರಿಸುವ ದೊಡ್ಡ ತೊಟ್ಟಿಯೊಂದಿದೆ. ಅದು ಹಿಡಿಯುವ ನೀರು 4 ಲಕ್ಷ ಗ್ಯಾಲನ್, ನಮ್ಮ ಲೆಕ್ಕದಲ್ಲಿ ಸುಮಾರು 15 ಲಕ್ಷ ಲೀಟರ್. ಶಾರ್ಕ್, ತೊರಕೆ, ಕಡಲಾಮೆಗಳು ಒಂದರ ಪಕ್ಕ ಒಂದು ತೇಲಿ ಬರುವಾಗ ಅಳುವ ಮಗುವೂ ಮೌನವಾಗುತ್ತದೆ. ಈ ಬೆರಗು ಸುಳ್ಳಲ್ಲ, ಅದನ್ನು ಹಗುರವಾಗಿ ಕಾಣಬೇಕಾಗಿಯೂ ಇಲ್ಲ. ಆದರೆ ದೊಡ್ಡ ಗಾಜಿನ ಮುಂದೆ ಪ್ರಶ್ನೆಗಳು ಹುಟ್ಟುವುದು ಕಡಿಮೆ. ಶಾರ್ಕ್ ಪಕ್ಕದ ಮೀನನ್ನು ಏಕೆ ತಿನ್ನುತ್ತಿಲ್ಲ ಎಂದು ಮಗು ಕೇಳಿದರೆ ಅದು ಅಂದಿನ ಅತ್ಯುತ್ತಮ ಪ್ರಶ್ನೆ. ಹೊತ್ತುಹೊತ್ತಿಗೆ ಹೊಟ್ಟೆ ತುಂಬ ಉಣಿಸುವ ಕೈಗಳು ತೆರೆಮರೆಯಲ್ಲಿವೆ ಎಂಬುದು ಅದರ ಉತ್ತರ. ಆ ಶಾಂತಿ ಕಡಲಿನ ಸ್ವಭಾವವಲ್ಲ, ಪಾಲಕರ ದುಡಿಮೆಯ ಫಲ. ತೊಟ್ಟಿಯ ಸೌಂದರ್ಯ ಇದನ್ನು ಮರೆಸುವಷ್ಟು ಪ್ರಬಲವಾಗಿದೆ; ನನ್ನ ಮೊದಲ ಆಕ್ಷೇಪ ಇದೇ.

ಎರಡನೆಯದು ಇನ್ನೂ ಗಂಭೀರವಾದದ್ದು. ಕೊಲ್ಲಿಯ ತೊಟ್ಟಿಯಲ್ಲಿ ಮೀನುಗಳು ಸುತ್ತುವುದು ಬಂಡೆಯನ್ನಲ್ಲ. ಸಮುದ್ರದಿಂದ ತೈಲ ತೆಗೆಯುವ ಅಟ್ಟಣೆಯ ಕಾಲುಗಳ ಪ್ರತಿಕೃತಿಯನ್ನು. ಈ ಚಿತ್ರ ಕಟ್ಟುಕಥೆಯಲ್ಲ. ಮೆಕ್ಸಿಕೋ ಕೊಲ್ಲಿಯ ತೈಲ ಅಟ್ಟಣೆಗಳ ಉಕ್ಕಿನ ಕಂಬಗಳಿಗೆ ಚಿಪ್ಪುಜೀವಿಗಳು ಅಂಟಿಕೊಳ್ಳುತ್ತವೆ, ಅವನ್ನು ಅರಸಿ ಸಣ್ಣ ಮೀನು, ಅವನ್ನು ಅರಸಿ ದೊಡ್ಡ ಮೀನು ಬರುತ್ತದೆ. ಕಾಲಕ್ರಮದಲ್ಲಿ ಕಂಬವೇ ಹವಳದ ದಿಬ್ಬದಂತಾಗುತ್ತದೆ. ಆದರೆ ಅದೇ ಕೊಲ್ಲಿಯಲ್ಲಿ, ಇದೇ ಲೂಯಿಸಿಯಾನದ ಕರಾವಳಿಯಾಚೆ, 2010ರ ಏಪ್ರಿಲ್ 20ರಂದು ಡೀಪ್‌ವಾಟರ್ ಹೊರೈಜನ್ ಎಂಬ ಅಟ್ಟಣೆ ಸ್ಫೋಟಿಸಿ 11 ಕಾರ್ಮಿಕರು ಪ್ರಾಣ ಕಳೆದುಕೊಂಡರು. 87 ದಿನಗಳ ಕಾಲ ಕಡಲ ತಳದಿಂದ ತೈಲ ಉಕ್ಕುತ್ತಲೇ ಇತ್ತು. ತೈಲ ಮೆತ್ತಿಕೊಂಡ ಕಡಲಾಮೆಗಳನ್ನು ತೊಳೆದು ಶುಶ್ರೂಷೆ ಮಾಡಿದವರಲ್ಲಿ ಇದೇ ಆಡುಬಾನ್ ಸಂಸ್ಥೆಯ ಸಿಬ್ಬಂದಿಯೂ ಇದ್ದರೆಂಬುದು ಅವರ ಹಿರಿಮೆ. ಹಾಗಿದ್ದೂ ತೊಟ್ಟಿಯ ಚಿತ್ರ ಹೇಳುವುದು ಒಂದೇ ಮಾತು: ಕಂಬ ಮೀನಿಗೆ ಆಸರೆ. ಗೋಡೆಯ ಫಲಕದಲ್ಲಿ ಏನೇ ಬರೆದಿರಲಿ, ಓದಲು ಬಾರದ ಮಗು ಓದುವುದು ಚಿತ್ರವನ್ನು. ಅರ್ಧ ಸತ್ಯವನ್ನು ಇಷ್ಟು ಸುಂದರವಾಗಿ ತೋರಿಸಿದಾಗ ಉಳಿದರ್ಧವನ್ನು ಹೇಳುವ ಹೊಣೆ ಕೈಹಿಡಿದು ನಿಂತ ತಂದೆತಾಯಿಯರ ಮೇಲೆ ಬೀಳುತ್ತದೆ.

ಈ ಮನೆಯ ಅತ್ಯಂತ ದೊಡ್ಡ ಪಾಠವಂತೂ ಯಾವ ಗಾಜಿನಲ್ಲೂ ಕಾಣುವಂಥದ್ದಲ್ಲ. 2005ರ ಆಗಸ್ಟ್ 29ರಂದು ಕತ್ರಿನಾ ಚಂಡಮಾರುತ ಆ ಕರಾವಳಿಗೆ ಅಪ್ಪಳಿಸಿತು. ಕಟ್ಟಡ ಗಟ್ಟಿಯಾಗಿ ನಿಂತಿತು. ಆದರೆ ನಗರದ ವಿದ್ಯುತ್ ಕಡಿದುಹೋಯಿತು, ಕೆಲದಿನಗಳಲ್ಲೇ ಜನರೇಟರ್ ಕೂಡ ಕೈಕೊಟ್ಟಿತು. ನೀರನ್ನು ಸುತ್ತಿಸಿ ಶುದ್ಧಗೊಳಿಸಿ ಉಸಿರಾಟಕ್ಕೆ ಆಮ್ಲಜನಕ ತುಂಬುತ್ತಿದ್ದ ಯಂತ್ರಗಳು ನಿಂತವು. ನಗರದ ಪರಿಸ್ಥಿತಿ ಹದಗೆಟ್ಟು, ಅಲ್ಲಿಯೇ ಉಳಿದು ಕಾಯುತ್ತಿದ್ದ ಸಿಬ್ಬಂದಿಯೂ ಹೊರಡಬೇಕಾಯಿತು. ಸುಮಾರು 10,000 ಮೀನುಗಳಲ್ಲಿ ಬಹುಪಾಲು ಸತ್ತವು. ಉಳಿದವುಗಳಲ್ಲಿ 19 ಪೆಂಗ್ವಿನ್‌ಗಳೂ ಎರಡು ಕಡಲ ನೀರುನಾಯಿಗಳೂ ಕ್ಯಾಲಿಫೋರ್ನಿಯದ ಮಾಂಟೆರೇ ಮತ್ಸ್ಯಾಲಯದಲ್ಲಿ ಆಶ್ರಯ ಪಡೆದವು. 2006ರ ಮೇ ತಿಂಗಳಲ್ಲಿ ಬಾಗಿಲು ಮತ್ತೆ ತೆರೆಯುವ ಹೊತ್ತಿಗೆ ಪೆಂಗ್ವಿನ್‌ಗಳು ಮನೆಗೆ ಮರಳಿದ್ದವು.

ಇದನ್ನು ತಿಳಿದು ನೋಡುವವರ ನೋಟ ಬೇರೆಯಾಗುತ್ತದೆ. ನೀಲಿಯಾಗಿ ಹೊಳೆಯುವ ಆ ನೀರು ಕಡಲಲ್ಲ. ಕಡಲಿನಂತೆ ಇಡಲಾದ ನೀರು. ನದಿ, ಗಾಳಿ, ಅಲೆಗಳು ಸಂಬಳವಿಲ್ಲದೆ ಮಾಡುವ ಕೆಲಸವನ್ನು ಅಲ್ಲಿ ಪಂಪುಗಳೂ ಸೋಸುಯಂತ್ರಗಳೂ ಹಗಲಿರುಳು ಮಾಡುತ್ತಿವೆ. ಒಂದು ಜೀವಿಯನ್ನು ಅದರ ನೆಲೆಯಿಂದ ತಂದು ನಮ್ಮ ಸಂತೋಷಕ್ಕಾಗಿ ಇರಿಸಿಕೊಂಡ ಮೇಲೆ ಅದರ ಪ್ರತಿ ಉಸಿರಿಗೂ ನಾವು ಜವಾಬುದಾರರು. ಈ ಮಾತನ್ನು ಹೇಳಿಕೊಡದ ಮತ್ಸ್ಯಾಲಯ ಎಷ್ಟೇ ಭವ್ಯವಾಗಿದ್ದರೂ ಅಪೂರ್ಣವೆಂದೇ ನನ್ನ ಅಭಿಪ್ರಾಯ.

ಇನ್ನು ಕೀಟಗಳ ಭಾಗ. ಇಲ್ಲಿ ಭವ್ಯತೆಗೆ ಎಡೆಯಿಲ್ಲ. ಅದೇ ಅದರ ಬಲ. ಎಲೆ ಕತ್ತರಿಸುವ ಇರುವೆಗಳ ಸಾಲನ್ನೇ ಗಮನಿಸಿ. ತಮಗಿಂತ ಭಾರವಾದ ಹಸಿರು ತುಣುಕುಗಳನ್ನು ಕೊಡೆಯಂತೆ ಎತ್ತಿ ಹಿಡಿದು ಅವು ಸಾಗುತ್ತವೆ. ಎಲೆ ಅವುಗಳ ಊಟವೆಂದು ನಾವು ತಿಳಿಯುತ್ತೇವೆ. ಆದರೆ ಆ ಎಲೆಯನ್ನು ಅಗಿದು, ಗೂಡಿನೊಳಗೆ ಗೊಬ್ಬರದಂತೆ ಹಾಸಿ, ಅದರ ಮೇಲೆ ಒಂದು ಬಗೆಯ ಶಿಲೀಂಧ್ರವನ್ನು ಬೆಳೆದು ಅದರಿಂದ ತಮ್ಮ ಗೂಡನ್ನೆಲ್ಲ ಪೋಷಿಸುವ ಬೇಸಾಯಗಾರರು ಅವು. ಮನುಷ್ಯ ನೇಗಿಲು ಹಿಡಿಯುವುದಕ್ಕೆ ಲಕ್ಷಾಂತರ ವರ್ಷಗಳ ಮೊದಲೇ ಈ ಒಕ್ಕಲುತನ ನಡೆದಿತ್ತು. ಹತ್ತು ನಿಮಿಷ ಅಲ್ಲಿ ಬಾಗಿ ನಿಂತ ಮಗು ತಾನಾಗಿಯೇ ಕೇಳುತ್ತದೆ: ಎಲೆಯನ್ನು ಎಲ್ಲಿಗೆ ಒಯ್ಯುತ್ತಿವೆ? ಯಾರು ಹೇಳಿದರು? ಶಾರ್ಕಿನ ಮುಂದೆ ಹುಟ್ಟದ ಪ್ರಶ್ನೆ ಇರುವೆಯ ಮುಂದೆ ಹುಟ್ಟುತ್ತದೆ. ಗಾತ್ರ ಚಿಕ್ಕದಾದಷ್ಟೂ ಕಣ್ಣು ಹತ್ತಿರ ಬರಬೇಕಾಗುತ್ತದೆ. ಹತ್ತಿರ ಬಂದ ಕಣ್ಣು ನಿಲ್ಲುತ್ತದೆ.

ಕೀಟಗಳಲ್ಲಿ ವಿಜ್ಞಾನಿಗಳು ಹೆಸರಿಟ್ಟು ದಾಖಲಿಸಿದ ಪ್ರಭೇದಗಳೇ ಸುಮಾರು 10 ಲಕ್ಷ. ಇಷ್ಟು ದೊಡ್ಡ ನೆರೆಹೊರೆಯ ಬಗ್ಗೆ ನಮ್ಮ ಮನೆಗಳಲ್ಲಿ ಆಡುವ ಮಾತು ಮಾತ್ರ ಒಂದೇ, ಹೊಡೆದುಹಾಕು ಎಂಬುದು. ಅಸಹ್ಯಪಟ್ಟು ಚಪ್ಪಲಿ ಎತ್ತುವ ನಾವೇ ಜೀವಂತ ಹುಳುಹುಪ್ಪಟೆಗಳನ್ನು ಟಿಕೆಟು ಕೊಂಡು ನಿಂತು ನೋಡುವಂತೆ ಮಾಡುವುದು ಸಣ್ಣ ಸಾಧನೆಯಲ್ಲ. ಕೀಟಗಳನ್ನೇ ಅಡುಗೆ ಮಾಡಿ ರುಚಿ ನೋಡಲು ಕೊಡುವ ಪದ್ಧತಿಯೂ ಈ ಕೀಟಾಲಯದ್ದು. ಮೂಗು ಮುರಿಯುವ ಮೊದಲು ನಮ್ಮ ಮಲೆನಾಡಿನ ಚಗಳಿ ಇರುವೆಯ ಚಟ್ನಿಯನ್ನು ಒಮ್ಮೆ ನೆನೆಯಿರಿ. ಒಬ್ಬರ ಹೇಸಿಗೆ ಇನ್ನೊಬ್ಬರ ಎಲೆಯ ವ್ಯಂಜನವೆಂಬುದನ್ನು ಮಕ್ಕಳಿಗೆ ಹೇಳಲು ಇದಕ್ಕಿಂತ ಒಳ್ಳೆಯ ಉದಾಹರಣೆ ಬೇಕಿಲ್ಲ.

ಈ ಭಾಗಕ್ಕೂ ಕೊರತೆಯಿಲ್ಲದಿಲ್ಲ. ಎಲ್ಲರೂ ಭಾವಚಿತ್ರ ತೆಗೆಸಿಕೊಳ್ಳಲು ನಿಲ್ಲುವ ಚಿಟ್ಟೆಗಳ ತೋಟದಲ್ಲಿ ಹಾರುವುದು ಬದುಕಿನ ಕೊನೆಯ ಅಧ್ಯಾಯ ಮಾತ್ರ. ಇಂಥ ಚಿಟ್ಟೆಮನೆಗಳಿಗೆ ಬಹುಮಟ್ಟಿಗೆ ಉಷ್ಣದೇಶಗಳ ಸಾಕಣೆ ತೋಟಗಳಿಂದ ಕೋಶಗಳನ್ನು ತರಿಸುತ್ತಾರೆ. ಮೊಟ್ಟೆ, ಎಲೆ ಮೇಯುವ ಹುಳು, ಅದು ಬೇಡುವ ನಿರ್ದಿಷ್ಟ ಗಿಡ ಇವೆಲ್ಲ ದೂರದೇಶದಲ್ಲಿ ಉಳಿದುಬಿಡುತ್ತವೆ. ಹುಳುವನ್ನು ಬಿಟ್ಟು ಚಿಟ್ಟೆಯನ್ನಷ್ಟೇ ಮೆಚ್ಚುವುದು ದುಡಿಮೆಯನ್ನು ಬಿಟ್ಟು ಹಬ್ಬವನ್ನಷ್ಟೇ ಮೆಚ್ಚಿದಂತೆ. ಸಂತೋಷದ ಸಂಗತಿಯೆಂದರೆ, ಅಲ್ಲಿ ತಪ್ಪಿಹೋದ ಅಧ್ಯಾಯ ನಮ್ಮ ಹಿತ್ತಲಲ್ಲೇ ಇದೆ. ಕರಿಬೇವಿನ ಗಿಡದ ಎಳೆಯ ಎಲೆಗಳನ್ನು ಮೊದಲು ಹಕ್ಕಿಯ ಹಿಕ್ಕೆಯಂತೆ ಕಂಡು, ಬೆಳೆದಂತೆ ಹಸಿರಾಗುವ ಹುಳುಗಳು ಮೇಯುವುದನ್ನು ನೀವು ಕಂಡಿರಬಹುದು. ಅವು ಮುಂದೆ ರೆಕ್ಕೆ ಬಿಚ್ಚಲಿರುವ ಚಿಟ್ಟೆಗಳು.

ಒಟ್ಟಿನಲ್ಲಿ ನನ್ನ ತೀರ್ಮಾನವಿದು. ಆಡುಬಾನ್ ಮನೆ ನೋಡತಕ್ಕದ್ದು, ಅನುಮಾನವಿಲ್ಲ. ಆದರೆ ಅದರ ಹೆಸರು ಹರಡಿರುವುದು ಮೀನುಗಳಿಂದ, ಅದು ನಿಜವಾಗಿ ಕಲಿಸುವುದು ಕೀಟಗಳಿಂದ. ಎರಡನ್ನೂ ಒಂದೇ ಸೂರಿನಡಿ ತಂದ 2023ರ ನಿರ್ಧಾರ ಆದ್ದರಿಂದಲೇ ಸಾರ್ಥಕ: ಇರುವೆಯ ಮುಂದೆ ಪಳಗಿದ ಕಣ್ಣನ್ನು ಹೊತ್ತು ಶಾರ್ಕಿನ ಮುಂದೆ ನಿಲ್ಲಲು ಅದು ಅವಕಾಶ ಮಾಡಿಕೊಟ್ಟಿದೆ.

ಹೋಗುವ ಕುಟುಂಬಗಳಿಗೆ ಎರಡು ಮಾತು. ಜನಸಂದಣಿ ದೊಡ್ಡ ತೊಟ್ಟಿಯತ್ತ ಧಾವಿಸುವಾಗ ನೀವು ಕೀಟಗಳ ಬಳಿಗೆ ಮೊದಲು ಹೋಗಿ. ಎಲ್ಲವನ್ನೂ ನೋಡಿ ಮುಗಿಸುವ ಹಟ ಬೇಡ. ಮಕ್ಕಳಿಗೆ "ಇದರ ಹೆಸರೇನು?" ಎಂದು ಕೇಳುವ ಬದಲು "ಇದು ಏನು ಮಾಡುತ್ತಿದೆ?" ಎಂದು ಕೇಳಿ. ಆಮೇಲೆ ಕೊಲ್ಲಿಯ ತೊಟ್ಟಿಯ ಮುಂದೆ ಕುಳಿತು, 2005ರಲ್ಲಿ ಅಲ್ಲಿ ನಡೆದದ್ದನ್ನು ಅವರ ವಯಸ್ಸಿಗೆ ತಕ್ಕ ಮಾತಿನಲ್ಲಿ ಹೇಳಿ. ಗಾಜನ್ನು ತಟ್ಟಬೇಡ ಎಂದು ಬಳಿಕ ನೀವು ಗದರಿಸಬೇಕಾಗುವುದಿಲ್ಲ.